ಭಟ್ಟಿಯಲ್ಲಿ ಬೆಂದ ಬಟಾಟಿ

ಅವರ ಹೆಸರು ಬರೆಯುವುದಿಲ್ಲ. ಬರೆದರೆ ರಾಣೆಬೆನ್ನೂರಿನಲ್ಲಿ ಅವರನ್ನು ಬಲ್ಲವರು, ಬ್ಯಾಡಗಿಯಲ್ಲಿ ಅವರ ಕೈಯಲ್ಲಿ ಕಲಿತವರು ಎಲ್ಲ ಸೇರಿ "ಅದು ಹಂಗಲ್ರಿ ಸರ, ಹಿಂಗ" ಎಂದು ನನ್ನನ್ನು ತಿದ್ದಲು ಬರುತ್ತಾರೆ. ಅಷ್ಟು ಮಂದಿಗೆ ಚಹಾ ಮಾಡಿ ಕೊಡುವ ತಾಳ್ಮೆ ನಮ್ಮ ಮನೆಯವಳಿಗೆ ಈಗ ಉಳಿದಿಲ್ಲ. ಅಲ್ಲದೆ ಅವರೇ ಇದ್ದಿದ್ದರೆ ಮೊದಲು ಕೇಳುತ್ತಿದ್ದದ್ದು, "ನನ್ನ ಬಗ್ಗೆ ಬರಿಯೂದು ಏನೈತ್ರಿ ಸರ? ಬ್ಯಾರೆ ಉದ್ಯೋಗ ಇಲ್ಲೇನ್ರಿ ನಿಮಗ?" ಎಂದು.

ಅವರು ತೀರಿಕೊಂಡ ಸುದ್ದಿ ನನಗೆ ತಿಳಿದದ್ದು ಹಾವೇರಿ ಬಸ್‌ಸ್ಟ್ಯಾಂಡಿನಲ್ಲಿ. ಕರ್ಜಗಿಯ ಹುಡುಗಿಯೊಬ್ಬಳು, ಶೈಲಾ ಅಂತ, ನಮ್ಮಿಬ್ಬರಿಗೂ ಶಿಷ್ಯೆಯಾಗಿದ್ದವಳು, ಸೊಂಟದ ಮೇಲೆ ಕೂಸನ್ನು ಇಟ್ಟುಕೊಂಡು ಓಡಿಬಂದಳು. "ಅಕ್ಕೋರು ಹ್ವಾದ್ರಂತ್ರಿ ಸರ" ಅಂದಳು. ಮೇಡಂ ಅವರನ್ನು ಹುಡುಗಿಯರು ಅಕ್ಕೋರು ಎಂದೇ ಕರೆಯುತ್ತಿದ್ದರು. ಏನಾಗಿತ್ತು, ಯಾವಾಗ ಎಂದು ಕೇಳುವಷ್ಟರಲ್ಲಿ ಅವಳ ಬಸ್ಸು ಹೊರಟಿತು, ಹತ್ತಿಕೊಂಡು ಹೋದಳು. ನಾನು ಅಲ್ಲೇ ಕಲ್ಲಿನ ಕಟ್ಟೆಯ ಮೇಲೆ ಕೂತೆ. ನಾನು ಹತ್ತಬೇಕಾಗಿದ್ದ ಬಸ್ಸೂ ಹೋಯಿತು.

ಬ್ಯಾಡಗಿಯಲ್ಲಿ ಹೆಣ್ಣುಮಕ್ಕಳಿಗಾಗಿಯೇ ಒಂದು ಪಿಯು ಕಾಲೇಜು ಇತ್ತು. ಊರಿನ ನಾಲ್ಕು ಮಂದಿ ದೊಡ್ಡವರು ಕಮಿಟಿ ಮಾಡಿಕೊಂಡು ನಡೆಸುತ್ತಿದ್ದರು. ಎರಡು ಸಾವಿರದ ಇಸವಿ ದಾಟಿದ ಹೊಸತರಲ್ಲಿ ನಾನು ಅಲ್ಲಿ ಇತಿಹಾಸ ಕಲಿಸುತ್ತಿದ್ದೆ, ಅವರು ಗೃಹವಿಜ್ಞಾನ. ನಾನು ಹಾವೇರಿ ಕಡೆಯಿಂದ ಬರುವವನು, ಅವರು ರಾಣೆಬೆನ್ನೂರು ಕಡೆಯಿಂದ. ಬ್ಯಾಡಗಿ ರೈಲು ಸ್ಟೇಶನ್ನಿನಲ್ಲಿ ಇಳಿದು ಒಂದೇ ಟಂಟಂ ಆಟೋ ಹಿಡಿದು ಕಾಲೇಜಿಗೆ ಹೋಗುತ್ತಿದ್ದೆವು. ಮೇಡಂ ಸಣ್ಣ ಆಳು, ಬಿಗಿದು ಕಟ್ಟಿದ ತುರುಬು, ಗಂಜಿ ಹಾಕಿದ ಕಾಟನ್ ಸೀರೆ. ಮೆಣಸಿನಕಾಯಿ ಸುಗ್ಗಿಯಲ್ಲಿ ಆ ಊರಿನಲ್ಲಿ ಗಾಳಿಯೂ ಖಾರ. ಟಂಟಂನಲ್ಲಿ ಕೂತವರೆಲ್ಲ ಸೀನುತ್ತ ಕೆಮ್ಮುತ್ತ ಹೋಗುವಾಗ ಅವರು ಮೂಗಿಗೆ ಒದ್ದೆ ಕರವಸ್ತ್ರ ಹಿಡಿದುಕೊಂಡು ಮಾತು ಮಾತ್ರ ನಿಲ್ಲಿಸುತ್ತಿರಲಿಲ್ಲ. ಮದುವೆ ಆಗಿರಲಿಲ್ಲ. ಯಾಕೆ ಎಂದು ಕೇಳುವ ಧೈರ್ಯ ನಮ್ಮಲ್ಲಿ ಯಾರಿಗೂ ಇರಲಿಲ್ಲ. ಮನೆಯಲ್ಲಿ ವಯಸ್ಸಾದ ತಾಯಿ ಒಬ್ಬರೇ, ಮನೆ ನಡೆಯುತ್ತಿದ್ದದ್ದು ಇವರ ಪಗಾರದ ಮೇಲೆ. ಆ ಪಗಾರ ಸರಕಾರದ್ದಲ್ಲ, ಕಮಿಟಿಯದು. ಕಮಿಟಿ ಬೇಕೆಂದರೆ ಇರಬೇಕು, ಬೇಡವೆಂದರೆ ಎದ್ದು ಹೋಗಬೇಕು.

ಅವರ ಬ್ಯಾಗಿನಲ್ಲಿ ಯಾವಾಗಲೂ ಎರಡು ಸ್ಟೀಲಿನ ಚಮಚ ಇರುತ್ತಿದ್ದವು. ಒಂದು ಪಾತ್ರೆಯಿಂದ ತೆಗೆಯಲು, ಇನ್ನೊಂದು ಬಾಯಿಗೆ ಇಡಲು. ಒಂದರಿಂದ ಇನ್ನೊಂದಕ್ಕೆ ಸುರುವಿಕೊಂಡು ರುಚಿ ನೋಡುವುದು. ಬಾಯಿಗೆ ಹೋದದ್ದು ಪಾತ್ರೆಗೆ ಹೋಗಬಾರದು, ಅಷ್ಟೇ. "ಎಂಜಲಾ ಆಗಂಗಿಲ್ಲ, ಉಪ್ಪೂ ತಪ್ಪಂಗಿಲ್ಲ" ಎನ್ನುತ್ತಿದ್ದರು. ನಮ್ಮ ಕಡೆ ಅಡಿಗೆ ಮಾಡುವವರು ರುಚಿ ನೋಡುವುದಿಲ್ಲ ಎಂಬುದು ನಿಮಗೆ ಗೊತ್ತಿರಬಹುದು. ದೇವರಿಗೆ ಎಡೆ ಹಿಡಿಯಬೇಕು, ಗಂಡಸರು ಉಣ್ಣಬೇಕು, ಮಕ್ಕಳು ಉಣ್ಣಬೇಕು, ಕಡೆಗೆ ಮಾಡಿದವಳು. ಅವಳು ತನ್ನ ಸಾರಿಗೆ ಉಪ್ಪಿಲ್ಲ ಎಂಬುದನ್ನು ತಿಳಿಯುವುದು ಎಲ್ಲರೂ ಕೈ ತೊಳೆದ ಮೇಲೆ.

"ತಿಳಿಯೂ ಹೊತ್ತಿಗೆ ಬೈಸಿಕೊಂಡಾಗಿರತೈತಿ" ಎಂದು ಅವರು ಹುಡುಗಿಯರಿಗೆ ಹೇಳುತ್ತಿದ್ದರು. "ಮಾಡಿದಾಕಿ ಮೊದಲು ಬಾಯಿಗೆ ಹಾಕಬೇಕು. ಅದು ಆಸೆಬುರುಕತನಾ ಅಲ್ಲ. ಲೆಕ್ಕಾ ಮಾಡಿದವರು ತಾಳೆ ಹಾಕಿ ನೋಡಂಗಿಲ್ಲೇನು, ಹಂಗ."

ಈ ಪಾಠ ಎಲ್ಲರಿಗೂ ರುಚಿಸಲಿಲ್ಲ. ಒಬ್ಬಳ ತಾಯಿ ಪ್ರಿನ್ಸಿಪಾಲರ ಹತ್ತಿರ ಬಂದು, "ನಿಮ್ಮ ಕಾಲೇಜಿನಾಗ ಹುಡುಗ್ಯಾರಿಗೆ ಒಲಿ ಮುಂದ ನಿಂತ ತಿನ್ನೂದು ಕಲಸಾಕತ್ತೀರೇನ್ರಿ? ನಾಳೆ ಅತ್ತೀ ಮನಿಯಾಗ ನನಗ ಅನ್ನೂದಿಲ್ಲೇನು?" ಎಂದು ಜಗಳ ತೆಗೆದಳು. ಪ್ರಿನ್ಸಿಪಾಲರು ಇವರನ್ನು ಕರೆಸಿದರು. ಇವರು ಬಂದು ಆ ತಾಯಿಯನ್ನು ಕೂಡಿಸಿ, ಅಂದಿನ ಪ್ರಾಕ್ಟಿಕಲ್‌ನ ಕೋಸಂಬರಿ ಕೊಟ್ಟು, ಎರಡು ಚಮಚದ ಕ್ರಮ ತೋರಿಸಿ ಕಳಿಸಿದರು. ಆ ಹೆಣ್ಣುಮಗಳು ಹೋಗುವಾಗ "ಒಂಚೂರು ಲಿಂಬಿಹಣ್ಣು ಕಡಿಮಿ ಆಗೇತ್ರಿ" ಅಂದಳಂತೆ. ಆ ವಾರವೆಲ್ಲ ಮೇಡಂ ಅದನ್ನೇ ಹೇಳಿಕೊಂಡು ನಗುತ್ತಿದ್ದರು. ತಾವು ಗೆದ್ದ ಒಂದೇ ಯುದ್ಧ ಅದು ಎಂಬಂತೆ.

ತಾವೂ ಹಾಗೆಯೇ ಇದ್ದರು, ಬೇರೆಯವರ ಅಡಿಗೆಯ ಬಗ್ಗೆ ಬಾಯಿಗೆ ಬಂದದ್ದು ಹೇಳುವವರು. ನಮ್ಮ ಮನೆಗೆ ಒಮ್ಮೆ ಹೋಳಿಗೆ ಊಟಕ್ಕೆ ಕರೆದಿದ್ದೆ. ಎಲೆಯ ಮುಂದೆ ಕೂತು, ಒಂದು ತುತ್ತು ಬಾಯಿಗಿಟ್ಟು, "ವೈನೀ, ಹೂರಣಾ ಒಣಗೇತಿ ನೋಡ್ರಿ" ಅಂದುಬಿಟ್ಟರು. ನನ್ನ ಹೆಂಡತಿ ಹದಿನೈದು ದಿನ ಅವರ ಸುದ್ದಿ ಎತ್ತಲಿಲ್ಲ. ಆಮೇಲೆ ಒಂದು ದಿನ ಹೂರಣಕ್ಕೆ ಇನ್ನಷ್ಟು ಬೆಲ್ಲ ಹಾಕುತ್ತ ಇರುವಾಗ, "ಖರೇನ ಹೇಳಿದ್ರು ಬಿಡ್ರಿ ಅವರು" ಅಂದಳು. ಊಟಕ್ಕೆ ಹೆಸರಿಡಬಾರದು ಎಂದು ಕಲಿತು ಬೆಳೆದವರು ನಾವು. ಪಂಕ್ತಿಯಲ್ಲಿ ಕೂತು ಏನು ಬಡಿಸಿದರೂ ಚೊಲೋ ಆಗೇತಿ ಎನ್ನುವುದು ನಮ್ಮ ಸಭ್ಯತೆ. ಅವರಿಗೆ ಅದು ಕಳ್ಳತನದ ಹಾಗೆ ಕಾಣುತ್ತಿತ್ತು. "ಮಾಡಿದಾಕಿ ಬೆನ್ನ ಹಿಂದ ಆಡಿಕೊಳ್ಳಾಕ ಬರತೈತಿ, ಮುಖದ ಮುಂದ ಹೇಳಾಕ ಬರಂಗಿಲ್ಲ" ಎನ್ನುವರು.

ಅವರ ಪ್ರಾಕ್ಟಿಕಲ್ ಖೋಲಿ ಕಾಲೇಜಿನ ಹಿಂಬದಿಗೆ ಇತ್ತು. ನಾಲ್ಕು ಗ್ಯಾಸ್ ಒಲೆ, ಎರಡು ಹೊಲಿಗೆ ಮಷಿನ್, ಕಟ್ಟೆಯ ಮೇಲೆ ಒಂದು ಕರೆಂಟಿನ ಓವನ್. ಆ ಓವನ್ನು ಬಂದ ವರ್ಷವೇ ಸುಟ್ಟುಹೋಗಿತ್ತು. ನಮ್ಮಲ್ಲಿ ಕರೆಂಟು ಇದ್ದರೆ ಓಲ್ಟೇಜ್ ಇಲ್ಲ, ಓಲ್ಟೇಜ್ ಇದ್ದರೆ ವಿಪರೀತ. ಹಾಗಾಗಿ ಬೇಯಿಸಿದ ಬಟಾಟಿ, ಅಂದರೆ ಆಲೂಗಡ್ಡೆ, ಹಾಲು ಮೈದಾ ಕುದಿಸಿದ ಬಿಳಿ ಸಾಸು, ಮೇಲೆ ಚೀಸು ಹಾಕಿ ಓವನ್ನಿನಲ್ಲಿ ಕೆಂಪಗೆ ಸುಡುವ ಆ ಪದಾರ್ಥವನ್ನು ಅವರು ವರ್ಷವರ್ಷವೂ ಬೋರ್ಡಿನ ಮೇಲೆ ಬರೆದು ಕಲಿಸುತ್ತಿದ್ದರು. ಹುಡುಗಿಯರು ಅದನ್ನು ಪರೀಕ್ಷೆಯಲ್ಲಿ ಬರೆದು ಪಾಸಾಗುತ್ತಿದ್ದರು. ಒಬ್ಬಳೂ ತಿಂದಿರಲಿಲ್ಲ, ನೋಡಿರಲೂ ಇಲ್ಲ. ಧಾರವಾಡದಲ್ಲಿ ಓದುವಾಗ ತಾವು ಅದನ್ನು ಮಾಡಿ ತಿಂದದ್ದನ್ನು ಮೇಡಂ ಆಗಾಗ ಹೇಳುತ್ತಿದ್ದರು. ನನಗೆ ಅದು ಹೆಂಗಸರು ತಮ್ಮ ಮದುವೆಯ ಮೊದಲು ಕಂಡ ಸಿನಿಮಾದ ಸುದ್ದಿ ಹೇಳಿದ ಹಾಗೆ ಕೇಳುತ್ತಿತ್ತು.

ಅಷ್ಟರಲ್ಲಿ ಗೃಹವಿಜ್ಞಾನಕ್ಕೆ ಬರುವ ಹುಡುಗಿಯರು ಕಡಿಮೆಯಾಗುತ್ತ ಬಂದರು. ಮನೆಮನೆಗೆ ಹೋಗಿ ಕೇಳಿದರೆ ತಂದೆತಾಯಿಗಳದು ಒಂದೇ ಮಾತು: "ಅಡಿಗಿ ಕಲಿಯಾಕ ಕಾಲೇಜು ಯಾಕ್ರಿ? ಮನಿಯಾಗ ಅವ್ವ ಕಲಸ್ತಾಳ." ಅದೇ ಹೊತ್ತಿಗೆ ಎಲ್ಲ ಕಡೆ ಕಂಪ್ಯೂಟರಿನ ಮಾತು. ಕಮಿಟಿಯ ಅಧ್ಯಕ್ಷರಿಗೆ ಊರಿನಲ್ಲಿ ಮೆಣಸಿನಕಾಯಿ ಇಡುವ ಕೋಲ್ಡ್ ಸ್ಟೋರೇಜು ಇತ್ತು. ಅವರು ಒಳ್ಳೆಯ ಮನುಷ್ಯ, ಕೆಟ್ಟದ್ದು ಮಾಡಬೇಕೆಂದು ಯಾರಿಗೂ ಮಾಡಿದವರಲ್ಲ. ಆದರೆ ಗೃಹವಿಜ್ಞಾನ ಮುಂದುವರಿಸಬೇಕೋ ಬೇಡವೋ ಎಂಬುದನ್ನು ಈ ಸಲದ ಗ್ಯಾದರಿಂಗ್, ಅಂದರೆ ಕಾಲೇಜಿನ ವಾರ್ಷಿಕೋತ್ಸವ, ಆದ ಮೇಲೆ ನಿರ್ಧಾರ ಮಾಡುತ್ತೇವೆ ಎಂದು ಸ್ಟಾಫ್ ಮೀಟಿಂಗಿನಲ್ಲಿ ಹೇಳಿಬಿಟ್ಟರು. ಮೇಡಂ ತಲೆ ತಗ್ಗಿಸಿ ಸೆರಗಿನ ತುದಿ ಸುತ್ತುತ್ತ ಕೂತಿದ್ದರು.

ಮರುದಿನ ಟಂಟಂನಲ್ಲಿ ಹೇಳಿದರು: "ಸರ, ಗ್ಯಾದರಿಂಗಿಗೆ ಬಂದ ಎಲ್ಲಾ ಪಾಲಕರಿಗೂ ಚೀಸ್ ಬಟಾಟಿ ಮಾಡಿ ಹಾಕತೀನಿ."

"ಎಷ್ಟ ಮಂದಿ ಬರತಾರ, ಗೊತ್ತೈತೇನ್ರಿ?"

"ಇನ್ನೂರರ ಮ್ಯಾಲೆ."

"ಶೇಂಗಾ ಹೋಳಿಗಿ ಮಾಡಸ್ರಿ ಮೇಡಂ. ಎಲ್ಲಾರೂ ಖುಷಿಲೇ ತಿಂತಾರ."

"ಶೇಂಗಾ ಹೋಳಿಗಿ ಅವರವ್ವ ನನಗಿಂತ ಚೊಲೋ ಮಾಡ್ತಾಳ್ರಿ. ಅವ್ವಗ ಬರಲಾರದ್ದು ಒಂದರ ತೋರಸಬೇಕಲ್ಲ?"

ಇತಿಹಾಸದವನಿಗೆ ನಡೆದುಹೋದದ್ದರ ಬಗ್ಗೆ ಮಾತ್ರ ಉತ್ತರ ಗೊತ್ತಿರುತ್ತದೆ.

ಓವನ್ ಇಲ್ಲ, ಹಾಗಾಗಿ ಬೇಕರಿ. ಸ್ಟೇಶನ್ ರಸ್ತೆಯಲ್ಲಿ ಒಬ್ಬ ಚಾಚಾನ ಬೇಕರಿ ಇತ್ತು. ಬನ್ನು, ಖಾರಿ, ಟೋಸ್ಟು ಸುಡುವ ಕಟ್ಟಿಗೆಯ ದೊಡ್ಡ ಭಟ್ಟಿ. ನಾವಿಬ್ಬರೂ ಹೋಗಿ ಕೇಳಿದೆವು. ಚಾಚಾ ಗಡ್ಡ ನೀವುತ್ತ ಪೂರ್ತಿ ಕೇಳಿ, "ಬಟಾಟಿ ಭಟ್ಟ್ಯಾಗ? ಖರೇ ಹೇಳಾಕತ್ತೀರೋ, ಚ್ಯಾಷ್ಟಿ ಮಾಡಾಕತ್ತೀರೋ?" ಅಂದ. ಮೇಡಂ ಬೋರ್ಡಿನ ಮೇಲೆ ಬರೆಯುವ ಪಾಠವನ್ನು ಪೂರಾ ಹೇಳಿದರು. ಅವನು ಕೇಳಿ ಮುಗಿಸಿ, "ಮುಂಜಾನೆ ಬನ್ ತಗದ ಮ್ಯಾಲೆ ಭಟ್ಟಿ ಇನ್ನೂ ಕಾದಿರತೈತ್ರಿ. ಆವಾಗ ಇಡ್ರಿ. ಟ್ರೇನೂ ನಾನ ಕೊಡತೀನಿ. ನಮ್ಮ ಹುಡುಗಿನೂ ನಿಮ್ಮ ಕಾಲೇಜಿಗೇ ಬರತೈತಿ" ಅಂದ. ಒಂದು ಪೈಸೆಯ ಮಾತು ಬರಲಿಲ್ಲ.

ಮೊದಲು ಒಂದು ಟ್ರೇ ಮಾಡಿ ನೋಡಿದರು. ಅದನ್ನು ಸ್ಟಾಫ್ ರೂಮಿಗೆ ತಂದಾಗ ಮೇಲ್ಗಡೆ ಚೀಸು ಕೆಂಪಗೆ ಉಬ್ಬಿ ಅಲ್ಲಲ್ಲಿ ಕರಿ ಚುಕ್ಕೆ ಬಿದ್ದಿತ್ತು. ಚಮಚ ಹಾಕಿದರೆ ಎಳೆ ಎಳೆಯಾಗಿ ಎದ್ದುಬಂತು. ನಾನು ಹುಟ್ಟಾ ಮೆಣಸಿನಕಾಯಿ ತಿಂದು ಬೆಳೆದವನು, ಖಾರವಿಲ್ಲದ್ದು ನನಗೆ ಊಟವೇ ಅಲ್ಲ. ಆದರೂ ಎರಡನೇ ಸಲ ಹಾಕಿಸಿಕೊಂಡೆ. ಬೆಣ್ಣೆಯಂತೆ ಮೆತ್ತಗಿನ ಬಟಾಟಿ, ಹಾಲಿನ ಸವಿ, ಚೀಸಿನ ಒಂದಿಷ್ಟು ಉಪ್ಪು. ಮೇಡಂ ನಾನು ತಿನ್ನುವುದನ್ನೇ ನೋಡುತ್ತ, "ಖರೇ ಹೇಳ್ರಿ" ಅಂದರು. ಖರೇ ಹೇಳಿದೆ, ಚೊಲೋ ಆಗಿತ್ತು. ಅಂದು ನನಗೂ ಅನಿಸಿತು, ಇದನ್ನು ತಿಂದವರು ಆ ಖೋಲಿ ಮುಚ್ಚಲಾರರು ಎಂದು.

ಚೀಸನ್ನು ಹುಬ್ಬಳ್ಳಿಯಿಂದ ತರಿಸಿದರು. ಅಷ್ಟನ್ನು ಇಡುವ ಫ್ರಿಜ್ಜು ಕಾಲೇಜಿನಲ್ಲಿ ಎಲ್ಲಿಂದ ಬರಬೇಕು. ಅಧ್ಯಕ್ಷರು ತಾವಾಗಿಯೇ, "ನಮ್ಮ ಕೋಲ್ಡ್ ಸ್ಟೋರೇಜಿನಾಗ ಇಡ್ರಿ" ಅಂದರು. ಮೆಣಸಿನಕಾಯಿ ಚೀಲಗಳ ನಡುವೆ ಒಂದು ಮೂಲೆಯಲ್ಲಿ ಚೀಸಿನ ಡಬ್ಬಿಗಳು ಎರಡು ದಿನ ಕೂತವು.

ಗ್ಯಾದರಿಂಗಿನ ದಿನ ಮೇಡಂ ಬೆಳಗಿನ ಮೊದಲ ಬಸ್ಸಿಗೇ ಬಂದಿದ್ದರು. ನಾನು ಬರುವ ಹೊತ್ತಿಗೆ ಹುಡುಗಿಯರು ಬಟಾಟಿ ಕುದಿಸಿ, ಸಿಪ್ಪೆ ತೆಗೆದು, ಗಾಲಿ ಗಾಲಿಯಾಗಿ ಕೊಯ್ದು ಗುಡ್ಡೆ ಹಾಕಿದ್ದರು. ಶೈಲಾ ಅವರೆಲ್ಲರ ಮೇಲೆ ಅಧಿಕಾರ ನಡೆಸುತ್ತಿದ್ದಳು. ಮೇಡಂ ಒಬ್ಬರೇ ಕೋಲ್ಡ್ ಸ್ಟೋರೇಜಿಗೆ ಹೋಗಿ ಚೀಸು ತಂದರು. ತಂದು ಕಟ್ಟೆಯ ಮೇಲಿಟ್ಟು, ಕಿಟಕಿಯ ಹೊರಗೆ ನೋಡುತ್ತ ನಿಂತರು. ಆಮೇಲೆ ಹುಡುಗಿಯರ ಕಡೆ ತಿರುಗಿ ಹೇಳಿದರು: "ಬಟಾಟಿಗೆ ಉಪ್ಪು ಹಾಕಿ ಕುದಿಸೀರಿ. ಚೀಸಿನಾಗೂ ಉಪ್ಪೈತಿ. ಸಾಸಿಗೆ ಹಾಕಬ್ಯಾಡ್ರಿ. ಎಲ್ಲಾ ಕೂಡಿಸಿದ ಮ್ಯಾಲೆ ರುಚಿ ನೋಡ್ರಿ, ಬೇಕನಿಸಿದ್ರ ಅಷ್ಟ ಹಾಕ್ರಿ. ನಾ ಭಟ್ಟಿ ನೋಡಿ ಬರತೀನಿ." ನನ್ನನ್ನೂ ಕರೆದುಕೊಂಡು ಬೇಕರಿಗೆ ಹೊರಟರು. ದಾರಿಯಲ್ಲಿ ಮಾತಿಲ್ಲ. ಇಷ್ಟು ದೊಡ್ಡ ಕೆಲಸ ಮೈಮೇಲೆ ಹಾಕಿಕೊಂಡಿದ್ದಾರೆ, ಅಂಜಿಕೆ ಇರುತ್ತದೆ ಎಂದುಕೊಂಡೆ.

ನಾವು ಹೊರಟು ಖೋಲಿಯ ಬಾಗಿಲು ದಾಟುವಾಗ ಅಧ್ಯಕ್ಷರ ತಾಯಿ ಎದುರಾಗಿದ್ದರು. ಊರೆಲ್ಲ ಅವರನ್ನು ಅಮ್ಮಾರು ಅನ್ನುತ್ತಿತ್ತು. ತೊಂಬತ್ತರ ಹತ್ತಿರದ ವಯಸ್ಸು, ಕೈಯಲ್ಲಿ ಜಪಮಣಿ. "ಹುಡುಗ್ಯಾರು ಏನ್ ಮಾಡ್ತಾರ ನೋಡತೀನಿ" ಎಂದು ಒಂದು ಕುರ್ಚಿ ಹಾಕಿಸಿಕೊಂಡು ಒಲೆಯ ಪಕ್ಕದಲ್ಲಿ ಕೂತರು. ಮೇಡಂ ನಮಸ್ಕಾರ ಮಾಡಿ ಹೋದರು. ನಾನೂ ಮಾಡಿದೆ. ಅಲ್ಲಿ ಹೆದರಬೇಕಾದದ್ದು ಏನೂ ನನಗೆ ಕಾಣಲಿಲ್ಲ.

ಬೇಕರಿಯಲ್ಲಿ ಚಾಚಾ ಭಟ್ಟಿಯ ಕೆಂಡ ಹಿಂದಕ್ಕೆ ಸರಿಸಿ ಕಾಯುತ್ತಿದ್ದ. ತಾಸು ಹೊತ್ತಿನ ಮೇಲೆ ಕೈಗಾಡಿಯಲ್ಲಿ ಟ್ರೇಗಳು ಬಂದವು, ಬಿಳಿ ಬಟ್ಟೆ ಮುಚ್ಚಿಕೊಂಡು. ಜೊತೆಗೆ ಬಂದ ಹುಡುಗಿಯರನ್ನು ಮೇಡಂ ಕೇಳಿದ್ದು ಒಂದೇ ಮಾತು: "ರುಚಿ ನೋಡೀರಿಲ್ಲೋ?"

"ಹೂಂ ರಿ ಅಕ್ಕೋರ" ಅಂದರು ಇಬ್ಬರೂ ಒಟ್ಟಿಗೆ.

ಮೇಡಂ ತಮ್ಮ ಬ್ಯಾಗನ್ನು ಮುಟ್ಟಲಿಲ್ಲ. ತಾವೇ ಕಲಿಸಿದ ಹುಡುಗಿಯರು, ಹೂಂ ಅಂದರೆ ಹೂಂ. ಚಾಚಾ ಉದ್ದ ಕೋಲಿನ ಹಲಗೆಯಿಂದ ಟ್ರೇಗಳನ್ನು ಒಂದೊಂದಾಗಿ ಒಳಗೆ ತಳ್ಳಿದ. ಸ್ವಲ್ಪ ಹೊತ್ತಿನಲ್ಲಿ ಚೀಸು ಕರಗಿದ ವಾಸನೆ ರಸ್ತೆಗೆ ಬಂತು. ಮೆಣಸಿನಕಾಯಿ ಚೀಲ ಹೊತ್ತು ಹೋಗುತ್ತಿದ್ದ ಹಮಾಲರು ನಿಂತು ಇಣುಕಿ ನೋಡಿದರು. ಮೇಡಂ ಭಟ್ಟಿಯ ಬಾಯಿಯ ಮುಂದೆ ಬಗ್ಗಿ ನಿಂತಿದ್ದರು, ಮುಖವೆಲ್ಲ ಬೆವರು. ಟ್ರೇ ಹೊರಗೆ ಬಂದಾಗ ಮೇಲೆ ಅದೇ ಕೆಂಪು ಬಣ್ಣ. ಚಾಚಾನಿಗೆ ತಾನೇ ಹಡೆದಷ್ಟು ಹೆಮ್ಮೆ.

ಕಾಲೇಜಿನ ಸಭಾಂಗಣದಲ್ಲಿ ಪಂಕ್ತಿ ಹಾಕಿತ್ತು. ಅಮ್ಮಾರು ಮೊದಲ ತುತ್ತಿನ ಎಡೆ ಹಿಡಿಸಿದರು. ಆಮೇಲೆ ಪತ್ರೋಳಿ ಎಲೆಯ ಮೇಲೆ ಚೀಸ್ ಬಟಾಟಿ, ಪಕ್ಕದಲ್ಲಿ ಚಾಚಾನ ಬನ್ನು, ಹಿಂದಿನಿಂದ ಅನ್ನ-ಸಾರು, ಮಜ್ಜಿಗೆ. ನಾನು ಅಧ್ಯಕ್ಷರ ಪಕ್ಕದಲ್ಲಿ ಕೂತಿದ್ದೆ. ಅವಸರದಿಂದ ದೊಡ್ಡ ತುತ್ತು ಬಾಯಿಗಿಟ್ಟೆ.

ಉಪ್ಪು. ಬರೀ ಉಪ್ಪು. ಉಪ್ಪಿನಕಾಯಿಯ ರಸ ಕುಡಿದ ಹಾಗೆ ನಾಲಿಗೆ ಮುದುಡಿಹೋಯಿತು. ನುಂಗಲಾಗದೆ, ಉಗುಳಲಾಗದೆ ಅಕ್ಕಪಕ್ಕ ನೋಡಿದೆ. ಅಧ್ಯಕ್ಷರ ಕಣ್ಣಲ್ಲಿ ನೀರಿತ್ತು, ಆದರೂ ಅಗಿಯುತ್ತಿದ್ದರು. ಸಾಲಿಗೆ ಸಾಲೇ ಅಗಿಯುತ್ತಿತ್ತು. ಯಾರೂ ಮುಖ ಕಿವುಚಲಿಲ್ಲ. ನೀರಿನ ಗ್ಲಾಸುಗಳು ಮಾತ್ರ ಖಾಲಿಯಾಗುತ್ತಿದ್ದವು. ಕೆಲವರು ಬಟಾಟಿಯನ್ನು ಅನ್ನದ ಕೆಳಗೆ ಹುಗಿದರು, ಕೆಲವರು ಮಜ್ಜಿಗೆಗೆ ಕಲಸಿಕೊಂಡರು. ನನ್ನ ಎದುರಿನ ಸಾಲಿನಲ್ಲಿ ಕಾಗಿನೆಲೆ ಕಡೆಯ ಒಬ್ಬ ರೈತ ಕಣ್ಣು ಮುಚ್ಚಿಕೊಂಡು, ಔಷಧಿ ತೆಗೆದುಕೊಂಡಂತೆ, ಪೂರಾ ತಿಂದು ಮುಗಿಸಿದ. ಅನ್ನ ಚೆಲ್ಲಬಾರದಲ್ಲ.

ಮೇಡಂ ಸೆರಗು ಸಿಕ್ಕಿಸಿಕೊಂಡು ಸಾಲಿನ ಉದ್ದಕ್ಕೂ ಬರುತ್ತಿದ್ದರು. ಪ್ರತಿ ನಾಲ್ಕು ಮಂದಿಗೆ ಒಮ್ಮೆ ನಿಂತು ಕೇಳುವರು: "ಹೆಂಗಾಗೇತ್ರಿ? ಉಪ್ಪು ಬರೋಬರಿ ಐತಲ್ರಿ?"

"ಭಾಳ ಚೊಲೋ ಆಗೇತ್ರಿ ಅಕ್ಕೋರ."

"ಬರೋಬರಿ ಐತ್ರಿ."

"ಮಜ್ಜಗಿ ಸಂಗಾಟ ಭಾರಿ ಹೊಂದತೈತ್ರಿ" ಅಂದ ಆ ರೈತ.

ನನ್ನ ಹತ್ತಿರ ಬಂದಾಗ ಅವರ ಮುಖ ನೋಡಿದೆ. ಅಷ್ಟು ವರ್ಷದಲ್ಲಿ ಅವರನ್ನು ಅಷ್ಟು ಖುಷಿಯಾಗಿ ನಾನು ಕಂಡಿರಲಿಲ್ಲ. ಭಟ್ಟಿಯ ಬಿಸಿಗೆ ಕೆಂಪಾದ ಮುಖ, ಹಣೆಗೆ ಅಂಟಿದ ಕೂದಲು. "ಸರ?" ಅಂದರು. ಬಾಯಿ ತುಂಬ ಉಪ್ಪು ಇಟ್ಟುಕೊಂಡು, ಚೊಲೋ ಆಗೇತಿ ಎಂಬಂತೆ ತಲೆ ಅಲ್ಲಾಡಿ‌ಸಿದೆ. ಒಂದು ಪಕ್ಕ ಅಧ್ಯಕ್ಷರು, ಇನ್ನೊಂದು ಪಕ್ಕ ಪ್ರಿನ್ಸಿಪಾಲರು, ಸುತ್ತ ಇನ್ನೂರು ಮಂದಿ. ಹೇಳಿದ್ದರೂ ಏನಾಗುತ್ತಿತ್ತು? ತಿಂದಾದ ಉಪ್ಪನ್ನು ಯಾರು ಹೊರಗೆ ತೆಗೆಯಬಲ್ಲರು? ಅವರು ಮುಂದಿನ ಸಾಲಿಗೆ ಹೋದರು.

ಊಟವಾದ ಮೇಲೆ ಅಧ್ಯಕ್ಷರು ಮೈಕಿನ ಮುಂದೆ ನಿಂತರು. ಮೊದಲು ಎರಡು ಗ್ಲಾಸು ನೀರು ಕುಡಿದರು. "ಇಂಥಾ ಊಟ ಬ್ಯಾಡಗಿಯೊಳಗ ಈ ತನಕ ಯಾರೂ ಹಾಕಿಲ್ಲ" ಅಂದರು. ಅದು ಸುಳ್ಳಲ್ಲ. ಜನ ಚಪ್ಪಾಳೆ ಹೊಡೆದರು. ಅದೇ ದನಿಯಲ್ಲಿ, ಉಸಿರು ಕೂಡ ಬದಲಿಸದೆ, "ಕಾಲಾ ಬದಲಾಗೇತಿ. ಬರೂ ವರ್ಷದಿಂದ ಗೃಹವಿಜ್ಞಾನ ಇರಂಗಿಲ್ಲ. ನಮ್ಮ ಹೆಣ್ಣಮಕ್ಕಳಿಗೆ ಕಂಪ್ಯೂಟರ್ ತರಾಕತ್ತೀವಿ" ಅಂದರು. ಅದಕ್ಕೆ ಇನ್ನೂ ಜೋರು ಚಪ್ಪಾಳೆ. ಗೋಡೆಯ ಪಕ್ಕ ಸಾರಿನ ಬಕೀಟು ಹಿಡಿದು ನಿಂತಿದ್ದ ಹುಡುಗಿಯರು ಚಪ್ಪಾಳೆ ಹೊಡೆಯಲಿಲ್ಲ, ಕೈ ಖಾಲಿ ಇರಲಿಲ್ಲ. ಶೈಲಾ ಬಕೀಟು ಕೆಳಗಿಟ್ಟು ಹೊರಗೆ ಓಡಿದಳು.

ಮೇಡಂ ಮುಂದೆ ರಾಣೆಬೆನ್ನೂರಿನಲ್ಲಿಯೇ ಒಂದು ಬೀಜದ ಕಂಪನಿಗೆ ಸೇರಿದರು. ಟೊಮೆಟೊ, ಬದನೆ, ಮೆಣಸಿನಕಾಯಿ ಬೀಜ ಆರಿಸುವ ಹೆಣ್ಣುಮಕ್ಕಳ ಮೇಲ್ವಿಚಾರಣೆ. ಒಂದೆರಡು ಸಲ ರೈಲಿನಲ್ಲಿ ಸಿಕ್ಕಿದ್ದರು. "ಬೀಜಾ ರುಚಿ ನೋಡಾಕ ಬರಂಗಿಲ್ರಿ ಸರ, ಔಷಧ ಹಚ್ಚಿರತಾರ" ಎಂದು ನಕ್ಕಿದ್ದರು. ತಾಯಿ ತೀರಿದ ಮೇಲೆ ಒಬ್ಬರೇ ಇದ್ದರೆಂದು ಕೇಳಿದ್ದೆ. ಹೋಗಿ ನೋಡಬೇಕು ಎಂದು ಎಷ್ಟೋ ಸಲ ಅಂದುಕೊಂಡದ್ದಿದೆ. ಈಗ ಆ ಮಾತು ಬೇಡ. ಗ್ಯಾದರಿಂಗಿನ ಆ ದಿನ ಇನ್ನೂ ಮುಗಿದಿರಲಿಲ್ಲ.

ಜನ ಹೋದ ಮೇಲೆ ನಾನು ಪ್ರಾಕ್ಟಿಕಲ್ ಖೋಲಿಗೆ ಹೋದೆ. ಹುಡುಗಿಯರೆಲ್ಲ ಗೋಡೆಗೆ ಒರಗಿ ನೆಲದ ಮೇಲೆ ಕೂತಿದ್ದರು, ಕೆಲವರು ಅಳುತ್ತಿದ್ದರು. ಮೇಡಂ ಆಗ ಊಟಕ್ಕೆ ಕೂತಿದ್ದರು. ಬೆಳಗಿನಿಂದ ಬಾಯಿಗೆ ಏನೂ ಹಾಕಿರಲಿಲ್ಲ. ಟ್ರೇದ ಮೂಲೆಯಲ್ಲಿ ಉಳಿದಿದ್ದನ್ನು ತಾಟಿಗೆ ಹಾಕಿಕೊಂಡು ಒಂದು ತುತ್ತು ಇಟ್ಟರು. ಅಗಿಯುವುದು ನಿಂತಿತು. ನುಂಗಿ, ಕೇಳಿದರು: "ಯಾರು ರುಚಿ ನೋಡಿದ್ರಿ?"

ಶೈಲಾ ಬಿಕ್ಕುತ್ತ ಹೇಳಿದಳು: "ಯಾರೂ ನೋಡಿಲ್ರಿ ಅಕ್ಕೋರ. ಅಮ್ಮಾರು ಅಲ್ಲೇ ಕುಂತಿದ್ರು. ಎಡಿ ಹಿಡಿಯೂ ತನಕಾ ಯಾರೂ ಬಾಯಿಗೆ ಹಾಕಬ್ಯಾಡ್ರಿ ಅಂದ್ರು. ಅಷ್ಟರಾಗ ನಮ್ಮವ್ವ ಬಂದ್ಲು. ಇಷ್ಟು ಬೆಳ್ಳಗೈತಿ, ಉಪ್ಪಿಲ್ಲ ಖಾರಿಲ್ಲ ಅಂತ ಸಾಸಿನ ಒಂದೊಂದು ಪಾತ್ರಿಗೂ ಹಿಡಿ ಹಿಡಿ ಉಪ್ಪು ಹಾಕಿದ್ಲು. ಆಕಿ ಹಾಕಿದ್ದು ಗೊತ್ತಿಲ್ದ ಇನ್ನೊಬ್ಬರವ್ವನೂ ಹಾಕಿದ್ರು. ಬ್ಯಾಡ ಅನ್ನಾಕ ನಮಗ ಬಾಯಿ ಬರಲಿಲ್ರಿ."

ಮೇಡಂ ಬಯ್ಯಲಿಲ್ಲ. "ಎಲ್ಲಾರೂ ಇತ್ಲಾಗ ಬರ್ರಿ, ಕುಂದರ್ರಿ" ಅಂದರು. ಉಳಿದದ್ದನ್ನು ಎಲ್ಲರ ಅಂಗೈಗೂ ಚೂರು ಚೂರು ಹಾಕಿದರು. ನನಗೂ ಹಾಕಿದರು. "ತಿಂದು ಹೇಳ್ರಿ. ಹೆಂಗಾಗೇತಿ?"

ಚಾಚಾನ ಮಗಳು ರೂಢಿಯ ಮೇಲೆ "ಚೊಲೋ" ಎಂದು ಶುರು ಮಾಡಿ ನಿಲ್ಲಿಸಿದಳು. ಮೇಡಂ ಅವಳನ್ನೇ ನೋಡುತ್ತಿದ್ದರು.

"ಉಪ್ಪಾಗೇತ್ರಿ" ಅಂದಳು ಹುಡುಗಿ.

"ಜೋರಾಗಿ."

"ಭಾಳ ಉಪ್ಪಾಗೇತ್ರಿ ಅಕ್ಕೋರ."

ಒಬ್ಬೊಬ್ಬಳಿಂದಲೂ ಹೇಳಿಸಿದರು. ಅಳುತ್ತ ಹೇಳಿದವರು, ನೆಲ ನೋಡುತ್ತ ಹೇಳಿದವರು. ಸರದಿ ನನಗೆ ಬಂತು. "ಬಾಯಾಗ ಇಡಾಕ ಆಗೂದಿಲ್ರಿ ಮೇಡಂ" ಅಂದೆ. ಅವರು ತಲೆ ಅಲ್ಲಾಡಿಸಿದರು. "ಅಷ್ಟು ಮಂದ್ಯಾಗ ಒಬ್ಬರೂ ಹೇಳಲಿಲ್ಲ ನೋಡ್ರಿ" ಅಂದರು, ಸಿಟ್ಟಿಲ್ಲದೆ, ಮಳೆ ಬಿಸಿಲಿನ ಬಗ್ಗೆ ಮಾತಾಡಿದ ಹಾಗೆ.

ಶೈಲಾಳ ಅಳು ಈಗ ತಡೆಯಲಾಗದಾಯಿತು. "ನಮ್ಮ ಉಪ್ಪಿನಿಂದ ಎಲ್ಲಾ ಹಾಳಾತ್ರಿ. ನಮ್ಮಿಂದ ನಿಮ್ಮ ಕೆಲಸಾ ಹೋತ್ರಿ ಅಕ್ಕೋರ" ಎಂದು ಅವರ ಮೊಣಕಾಲು ಹಿಡಿದುಕೊಂಡಳು.

ಮೇಡಂ ಎಡಗೈಯಿಂದ ಅವಳ ತಲೆ ಸವರಿದರು, ಬಲಗೈ ಎಂಜಲಾಗಿತ್ತು. "ಹುಚ್ಚಿ. ಮುಂಜಾನೆ ಚೀಸ್ ತರಾಕ ಕೋಲ್ಡ್ ಸ್ಟೋರೇಜಿಗೆ ಹೋಗಿದ್ನಲ್ಲ? ಅಲ್ಲಿ ಮ್ಯಾನೇಜರ್ ಕೇಳಿದ, ಮೇಡಂ, ನಿಮ್ಮ ಖೋಲಿ ಉದ್ದ ಅಗಲ ಎಷ್ಟೈತ್ರಿ, ಅಧ್ಯಕ್ಷರು ಕಂಪ್ಯೂಟರ್ ಟೇಬಲ್ ಮಾಡಸಾಕ ಹಾಕ್ಯಾರ, ಬಡಿಗ್ಯಾ ಅಳತಿ ಕೇಳಾಕತ್ತಾನ ಅಂತ. ಪಾಪ, ನನಗಿನ್ನೂ ಹೇಳಿಲ್ಲ ಅನ್ನೂದು ಅವಗ ಗೊತ್ತಿರಲಿಲ್ಲ."

"ನೀವೇನಂದ್ರಿ?" ಎಂದು ಕೇಳಿದೆ.

"ಅಳತಿ ಹೇಳಿ ಬಂದೆ."

"ಗೊತ್ತಾದ ಮ್ಯಾಲೂ ಇದೆಲ್ಲಾ ಯಾಕ ಮಾಡಿದ್ರಿ ಮೇಡಂ?"

ಅವರು ನನ್ನನ್ನು ನೋಡಿದ ರೀತಿ, ಇಷ್ಟು ಓದಿದವನಿಗೆ ಇಷ್ಟೂ ತಿಳಿಯುವುದಿಲ್ಲವೇ ಎಂಬಂತಿತ್ತು. "ಹುಡುಗ್ಯಾರು ಬಟಾಟಿ ಕೊಯ್ದು ಇಟ್ಟಿದ್ರಲ್ರಿ ಸರ" ಅಂದರು. ಆಮೇಲೆ ಶೈಲಾಳ ಗದ್ದ ಎತ್ತಿ, "ಕೆಲಸಾ ಮುಂಜಾನೇನ ಹೋಗಿತ್ತು ತಂಗಿ. ಉಪ್ಪು ಬಿದ್ದದ್ದು ಆಮ್ಯಾಲೆ" ಅಂದರು.

ಅವಳು ಇನ್ನೂ ಜೋರಾಗಿ ಅಳತೊಡಗಿದಳು. ಮೇಡಂ ಎದ್ದು ಕೈ ತೊಳೆದುಕೊಂಡರು. ಚಾಚಾ ನಾಳೆ ಬೆಳಿಗ್ಗೆ ಬನ್ನು ಸುಡಬೇಕು, ಟ್ರೇ ತಿಕ್ಕಿ ಕೊಡದೆ ರೈಲಿಗೆ ಹೋಗುವ ಹಾಗಿಲ್ಲ ಅಂದರು. ತಳಕ್ಕೆ ಹಿಡಿದಿದ್ದ ಚೀಸು ಕಲ್ಲಿನಂತಾಗಿತ್ತು. ನಾನೂ ಒಂದು ಟ್ರೇ ಎತ್ತಿಕೊಂಡು ನಲ್ಲಿಯ ಹತ್ತಿರ ಹೋಗಿ ಕೂತೆ. ಅದರ ಹೊರತು ಅವರಿಗಾಗಿ ಮಾಡುವಂಥದ್ದು ಏನೂ ನನಗೆ ಹೊಳೆಯಲಿಲ್ಲ.